ನೆರಳುಕಡೆಯ ಜನಸಂಖ್ಯೆ

ಅಂಥ ದೊಡ್ಡ ಸುಳ್ಳೇನಲ್ಲ ಅದು, ಎಂದು ಹುಡುಗಿ ತನಗೆ ತಾನೇ ಎಷ್ಟೋ ಸಲ ಹೇಳಿಕೊಂಡಿದ್ದಳು. ಯಾರ ಗಂಟನ್ನೂ ಹೊಡೆದಿರಲಿಲ್ಲ, ಯಾರ ಮನೆಯನ್ನೂ ಮುರಿದಿರಲಿಲ್ಲ. ಜನಗಣತಿಯವನು ಅವಳ ಮನೆಯ ಗೇಟಿನ ಆಚೆ ನಿಂತು "ಮನೇಲಿ ಎಷ್ಟು ಜನ?" ಎಂದು ಕೇಳಿದಾಗ "ಇಬ್ಬರು. ನಾನು, ಅಮ್ಮ" ಎಂದಿದ್ದಳು, ಅಷ್ಟೇ. ಅಮ್ಮ ತೀರಿಕೊಂಡು ಆಗಲೇ ಒಂದು ಚಳಿಗಾಲ ಕಳೆದಿತ್ತು.

ಬಾಯಿತಪ್ಪಿ ಬಂದ ಮಾತಾಗಿದ್ದರೆ ಆಗಲೇ ತಿದ್ದಬಹುದಿತ್ತು. ಬರೆದುಕೊಂಡವನು ಅವಳ ಜೊತೆಯಲ್ಲೇ ಕೆಲಸ ಮಾಡುವವನು, ಕರೆದರೆ ತಿರುಗಿ ಬರುತ್ತಿದ್ದ. ಅವಳು ಕರೆಯಲಿಲ್ಲ. ಅವಳೂ ಜನಗಣತಿಯವಳೇ; ಭೂಗೋಳ ಓದಿ ಪದವಿ ಪಡೆದವಳೆಂದು ಹುಡುಕಿ ಈ ಕೆಲಸಕ್ಕೆ ತೆಗೆದುಕೊಂಡಿದ್ದರು. ಊರವರ ಮನೆಯ ತಲೆ ಎಣಿಸುವವಳು ತನ್ನ ಮನೆಯದ್ದನ್ನೇ ತಪ್ಪು ಎಣಿಸಿ ಕೂತಿದ್ದಳು. ದಿನ ಬಿಡದೆ ದಿನಚರಿ ಬರೆಯುತ್ತಾಳೆ, ಬಸ್ಸು ತಡವಾದದ್ದು, ಪಕ್ಕದ ಮನೆಯ ಬೆಕ್ಕು ಮರಿ ಹಾಕಿದ್ದು, ಎಲ್ಲ. ಅಮ್ಮ ಇಲ್ಲ ಎಂಬ ಒಂದು ವಾಕ್ಯ ಮಾತ್ರ ಅವಳ ಕೈಯಿಂದ ಇನ್ನೂ ಇಳಿದಿಲ್ಲ.

ಸುಳ್ಳಿಗೆ ಒಂದು ಗುಣವಿದೆ, ಒಂಟಿಯಾಗಿರುವುದು ಅದಕ್ಕೆ ಆಗುವುದಿಲ್ಲ. ಬಸ್ಸಿನಲ್ಲಿ ಪಕ್ಕ ಕೂತವರು ಕೇಳಿದರೆ "ಅಮ್ಮ ಮನೇಲಿದ್ದಾರೆ." ಕಚೇರಿಯಿಂದ ಬೇಗ ಹೊರಡಬೇಕಾದರೆ "ಅಮ್ಮ ಕಾಯ್ತಿರ್ತಾರೆ." ಸಂಜೆ ಬೀಗ ತೆಗೆದು ಒಳಗೆ ಕಾಲಿಟ್ಟರೆ "ಬಂದೆ ಅಮ್ಮಾ" ಎಂದು ಹೇಳಿಯೇ ಚಪ್ಪಲಿ ಬಿಡುತ್ತಿದ್ದಳು. ಅಮ್ಮ ಬಟ್ಟೆ ಹೊಲಿದು ಅವಳನ್ನು ಓದಿಸಿದ್ದಳು. ಹೊಲಿಗೆ ಯಂತ್ರದ ಸೂಜಿಯ ಕೆಳಗೆ ಯಾರದೋ ಅಂಗಿಯ ತೋಳು ಅರ್ಧ ಹೊಲಿದಲ್ಲಿಗೇ ನಿಂತಿತ್ತು. ಅದನ್ನು ತೆಗೆದರೆ ಏನೋ ಮುಗಿದುಹೋಗುತ್ತದೆ ಎಂದು ಹುಡುಗಿ ಆ ಕೋಣೆಯ ದೂಳನ್ನೂ ಹೊಡೆಯುತ್ತಿರಲಿಲ್ಲ.

ಈಗ ಗಣತಿಗೆಂದು ಬಂದ ಈ ಬೆಟ್ಟದೂರಿನಲ್ಲೂ ಅದನ್ನೇ ಹೇಳಿಬಿಟ್ಟಿದ್ದಳು.

ಇದು ಒಂದು ಊರೆನ್ನುವುದಕ್ಕಿಂತ ಒಂದು ಕಮರಿಯ ಎರಡು ದಡ ಎನ್ನಬೇಕು. ಒಂದು ದಡದ ಮೇಲೆ ಬೆಳಗಿನಿಂದ ಸಂಜೆಯವರೆಗೆ ಬಿಸಿಲು, ಅದು ಬಿಸಿಲುಕಡೆ. ಎದುರಿನ ದಡಕ್ಕೆ ಬೆಟ್ಟದ ಬೆನ್ನು ಅಡ್ಡ ಬಂದು ಮಧ್ಯಾಹ್ನ ಕಳೆಯುವುದರೊಳಗೆ ಕತ್ತಲು ಕವಿಯುತ್ತದೆ, ಅದು ನೆರಳುಕಡೆ. ಮನೆಗಳೆಲ್ಲ ಕಲ್ಲಿನವು, ಮೇಲೆ ಕಲ್ಲುಚಪ್ಪಡಿ ಹೊದಿಸಿದವು, ಕೆಳಗಿನವರ ಚಾವಣಿ ಮೇಲಿನವರ ಅಂಗಳಕ್ಕೆ ಸಮನಾಗಿ ಮೆಟ್ಟಿಲು ಮೆಟ್ಟಿಲಾಗಿ ಕಟ್ಟಿದವು. ನಡುವೆ ಆಲೂಗಡ್ಡೆಯ ಸಣ್ಣ ಸಣ್ಣ ಪಟ್ಟಿಗಳು. ತೀರ ಕೆಳಗೆ, ಬಗ್ಗಿ ನೋಡಿದರೆ ತಲೆ ತಿರುಗುವ ಆಳದಲ್ಲಿ ಹೊಳೆ. ಹೇಸರಗತ್ತೆಗಳ ದಾರಿಯಲ್ಲಿ ಹುಡುಗಿ ಹತ್ತಿ ಬಂದದ್ದು ನಿನ್ನೆ ಸಂಜೆ. ಇವತ್ತು ಬೆಳಿಗ್ಗೆಯಿಂದ ಬಿಸಿಲುಕಡೆಯ ಬಾಗಿಲುಗಳನ್ನೆಲ್ಲ ತಟ್ಟಿ ಮುಗಿಸುವುದರೊಳಗೆ ಮಳೆ ಹಿಡಿದು, ಕೆಳಗಿನ ಕಾಲುಸೇತುವೆ ನೀರಲ್ಲಿ ಮುಳುಗಿ, ಇನ್ನೊಂದು ಸಂಜೆಯೂ ಇಲ್ಲೇ ಎಂದಾಗಿತ್ತು.

ಅವಳು ಇಳಿದುಕೊಂಡಿದ್ದದ್ದು ಕತ್ತೆಯಜ್ಜಿಯ ಮನೆಯಲ್ಲಿ. ಗಂಡ ತೀರಿಕೊಂಡ ಮೇಲೆ ಮೊಣಕಾಲು ಸವೆಯುವ ತನಕ ಹೇಸರಗತ್ತೆ ಹೊಡೆದು ಊರಿಗೆ ಉಪ್ಪು, ಎಣ್ಣೆ, ಮೊಳೆ ತಂದ ಮುದುಕಿ. ಆ ಹೆಸರು ಕೇಳಿ ಹುಡುಗಿ ಮುಜುಗರ ಪಟ್ಟಾಗ ಅವಳು, "ಬೈಗುಳ ಅಲ್ಲ ಕಣೇ ಅದು, ಪದವಿ! ನಿಂಗೆ ಕಾಲೇಜು ಕೊಡ್ತು, ನಂಗೆ ಕತ್ತೆ ಕೊಡ್ತು" ಎಂದು ನಕ್ಕಿದ್ದಳು. ಮನೆಯ ನಡುವೆ ಒಲೆ, ಗೋಡೆಯ ಗೂಟಕ್ಕೆ ಸವೆದ ಜೀನು, ಮೂಲೆಯಲ್ಲಿ ಉಣ್ಣೆಯ ಮೂಟೆ, ಒಲೆಯ ಬೂದಿಯೊಳಗೆ ಸುಡುತ್ತಿದ್ದ ಆಲೂಗಡ್ಡೆ. ಅಜ್ಜಿಯ ಸೊಸೆ ಕಾಲುಚೀಲ ಹೆಣೆಯುತ್ತಿದ್ದಳು. ಅಜ್ಜಿಯ ತಂಗಿಯ ಮಗ, ಕುರಿ ಕಾಯುವವನು, ಒದ್ದೆ ಕಂಬಳಿಯ ವಾಸನೆಯ ಸಮೇತ ಬಂದು ಒಲೆಗೆ ಅಂಟಿಕೊಂಡು ಕೂತಿದ್ದ.

"ಎಲ್ಲಾರನ್ನೂ ಎಣಿಸಿಯಾಯ್ತಾ ಲೆಕ್ಕದ ಮೇಡಂ? ನನ್ನ ಕುರಿಗಳನ್ನ ಬಿಟ್ಟುಬಿಟ್ರಲ್ಲ. ಈ ಊರಲ್ಲಿ ಬುದ್ಧಿ ಅಂತ ಇರೋದು ಅವಕ್ಕೊಂದೇ."

"ನಿನ್ನ ಎಣಿಸಿದ್ದೇ ಹೆಚ್ಚಾಯ್ತು, ಸುಮ್ನಿರೋ," ಎಂದಳು ಅಜ್ಜಿ.

ಸೊಸೆ ಹೆಣೆಯುತ್ತಿದ್ದ ಕಾಲುಚೀಲವನ್ನು ಹುಡುಗಿಯ ಪಾದದ ಪಕ್ಕ ಹಿಡಿದು ನೋಡಿದಳು. "ನಿಮ್ಮಮ್ಮನ ಪಾದವೂ ಇಷ್ಟೇ ಇದೆಯಾ? ಇದು ಅವರಿಗೆ ಅಂತಾನೇ ಹೆಣೀತಿದೀನಿ. ವಯಸ್ಸಾದೋರಿಗೆ ಚಳಿ ಮೊದಲು ಹತ್ತೋದು ಪಾದದಿಂದ."

"ನನ್ನಷ್ಟೇ," ಎಂದಳು ಹುಡುಗಿ, ನೆಲ ನೋಡುತ್ತಾ.

"ಚಳಿ ತಡೀತಾರಾ ಅವರು?"

"ಇಲ್ಲ… ತಡೆಯಲ್ಲ."

ಅಜ್ಜಿ ಒಲೆಯ ಕೊಳ್ಳಿಯನ್ನು ಮುಂದಕ್ಕೆ ನೂಕಿ ಹುಡುಗಿಯ ಮುಖವನ್ನೊಮ್ಮೆ ನೋಡಿದಳು. ಆ ನೋಟದಿಂದ ತಪ್ಪಿಸಿಕೊಳ್ಳಲೆಂದೇ ಹುಡುಗಿ ಚೀಲದಿಂದ ಕಾಗದ ತೆಗೆದು, ತನಗೆ ಸಹಜವಲ್ಲದ ಗಟ್ಟಿ ದನಿಯಲ್ಲಿ ಕೇಳಿದಳು: "ನೆರಳುಕಡೆ ಮನೆಗಳಿಗೆಲ್ಲ ಚಾವಣಿನೇ ಇಲ್ಲ ಅಲ್ವಾ ಅಜ್ಜಿ? ಅಲ್ಲಿ ಜನ ಇಲ್ಲ, ಸೊನ್ನೆ ಅಂತ ಬರ್ಕೊಳ್ಳಲಾ?"

ಹೆಣಿಗೆಯ ಕಡ್ಡಿಗಳ ಸದ್ದು ನಿಂತಿತು. ಕುರಿಗಾಹಿ ಬಾಗಿಲಿನ ಕಡೆ ನೋಡಿದ. ಇಷ್ಟು ಮಳೆಯಲ್ಲೂ ಬಾಗಿಲು ಹಾರುಹೊಡೆದಿತ್ತು. ಎರಚಲು ಹೊಸ್ತಿಲು ದಾಟಿ ಒಳಕ್ಕೆ ಬರುತ್ತಿತ್ತು. ಆಚೆ ಮಂಜು ಬಿಟ್ಟರೆ ಏನೂ ಇಲ್ಲ. ಬೆಳಕು ಇಳಿಯುತ್ತಿತ್ತು.

"ಬಾಗಿಲು ಹಾಕಲಾ?" ಎಂದು ಹುಡುಗಿ ಏಳಹೋದಳು.

"ಬೇಡ. ಈ ಹೊತ್ತಲ್ಲಿ ನಾವು ಹಾಕಲ್ಲ." ಅಜ್ಜಿ ಬೂದಿಯಿಂದ ಒಂದು ಆಲೂಗಡ್ಡೆ ಎಳೆದು, ಸಿಪ್ಪೆ ಸುಲಿದು ಅವಳ ಕೈಗಿಟ್ಟಳು. "ಸೊನ್ನೆ ಆಮೇಲೆ ಬರ್ಕೊಳ್ಳೋವಂತೆ. ಕೂತ್ಕೋ. ಬರೆಯೋ ಮೊದಲು ಕೇಳು."

*

ನೋಡು ಮಗಾ… ನೀನು ಬೆಳಿಗ್ಗೆ ಕೂತು ಊರಿನ ನಕ್ಷೆ ಬರೆದೆಯಲ್ಲ, ಅದರಲ್ಲಿ ಈ ದಡಕ್ಕೂ ಆ ದಡಕ್ಕೂ ಮಧ್ಯೆ ಒಂದು ಬೆರಳಗಲ ಜಾಗ ಬಿಟ್ಟಿದೀಯ. ಸರಿಯಾಗೇ ಬಿಟ್ಟಿದೀಯ, ತಪ್ಪು ಅನ್ನಲ್ಲ. ಆದ್ರೆ ಆ ಬೆರಳಗಲ ಇದೆಯಲ್ಲ, ಅದು ಕಾಲಿಗೆ ಅರ್ಧ ದಿನ, ಬಾಯಿಗೆ ಒಂದೇ ಉಸಿರು. ಇಲ್ಲಿಂದ ಇಳಿದು, ಹೊಳೆ ದಾಟಿ, ಅಲ್ಲಿ ಹತ್ತೋದರೊಳಗೆ ಹೊಟ್ಟೆಗೆ ತಿಂದಿದ್ದು ಕರಗಿಹೋಗುತ್ತೆ, ಕೂಗಿದ್ರೆ? ಕೂಗೋದಿರಲಿ, ಎದುರುಮನೆಯೋರು ಅಂಗಳದಲ್ಲಿ ನಿಂತು ಮೂಗು ಸೀನಿದ್ದೂ ಕೇಳುತ್ತೆ. ಅಂಥಾ ಜಾಗ ಇದು. ಕಾಲು ದೂರ, ಕಿವಿ ಹತ್ತಿರ.

ಅದಕ್ಕೇ ನಮ್ಮ ಹಿರಿಯರು ಒಂದು ಪದ್ಧತಿ ಮಾಡ್ಕೊಂಡಿದ್ರು. ಕತ್ತಲಾಗೋ ಹೊತ್ತಿಗೆ, ಈಗ ಆಗ್ತಿದೆಯಲ್ಲ, ಇದೇ ಹೊತ್ತಿಗೆ, ಈ ದಡದ ನೆತ್ತಿ ಮೇಲಿನ ಮನೆಯೋರು ಹೊಸ್ತಿಲ ಮೇಲೆ ನಿಂತು "ಇದ್ದೀರಾ…" ಅಂತ ಕೂಗೋರು. ಕೆಳಗಿನ ಮನೆಯೋರು "ಇದ್ದೀವಿ…" ಅನ್ನೋರು, ಅಂದು, ತಿರುಗಿ ತಮ್ಮ ಕೆಳಗಿನೋರನ್ನ ಕೂಗೋರು. ಹಿಂಗೆ ಆ ಕೂಗು ಮನೆಯಿಂದ ಮನೆಗೆ ಮೆಟ್ಟಿಲಿಳಿದು, ಕಮರಿ ಹಾರಿ, ನೆರಳುಕಡೆ ಹತ್ಕೊಂಡು ಹತ್ಕೊಂಡು ಹೋಗಿ ಕೊನೇ ಮನೆ ಮುಟ್ಟೋದು. ಉತ್ತರ ಬಂತಾ, ಬಾಗಿಲು ಹಾಕು, ಉಂಡು ಮಲಗು. ಬರ್ಲಿಲ್ವಾ… ಹಿಮ ಬೀಳ್ತಿರಲಿ, ಆಕಾಶವೇ ಕಳಚಿ ಬೀಳ್ತಿರಲಿ, ಅಕ್ಕಪಕ್ಕದೋರು ಲಾಟೀನು ಹಿಡ್ಕೊಂಡು ಹೊರಡಲೇಬೇಕು. ಅದು ಮಾತು.

("ನಮ್ಮಪ್ಪ ಕುಡಿದು ಬಂದ ದಿನ 'ಇದ್ದೀರಾ' 'ಇದ್ದೀವಿ' ಎರಡನ್ನೂ ಅವನೇ ಕೂಗಿ ಮಲಗಿಬಿಡ್ತಿದ್ನಂತೆ," ಎಂದ ಕುರಿಗಾಹಿ. "ಹೌದು, ಆಮೇಲೆ ನಿಮ್ಮಮ್ಮ ಹೊರಗೆ ಬಂದು ಕೂಗಿದ್ದು ಮಾತ್ರ ಮೂರು ಬೆಟ್ಟಕ್ಕೆ ಕೇಳ್ತಿತ್ತು," ಎಂದಳು ಅಜ್ಜಿ. ಹುಡುಗಿಗೆ ನಗು ಬಂತು. ಅಜ್ಜಿಗೆ ಬರಲಿಲ್ಲ.)

ಮನೇಲಿ ಮಗು ಹುಟ್ಟಿದ್ರೆ ಅವತ್ತು "ಇದ್ದೀವಿ… ಒಬ್ರು ಹೆಚ್ಚು" ಅನ್ನೋದು. ಇಡೀ ಊರು ಹೋ ಅಂತ ಕೂಗೋದು. ಯಾರಾದ್ರೂ ತೀರಿಕೊಂಡ್ರೆ "ಇದ್ದೀವಿ… ಒಬ್ರು ಕಮ್ಮಿ." ಯಾರ ಮನೇಲಿ ಯಾರಿದಾರೆ, ಯಾರಿಲ್ಲ ಅನ್ನೋದು ಮಲಗೋ ಮುಂಚೆ ಎಲ್ಲಾರಿಗೂ ಗೊತ್ತು. ಆದ್ರೆ ಒಂದು ವಿಷಯ… 'ಹೆಚ್ಚು' ಅನ್ನೋದನ್ನ ಯಾರು ಬೇಕಾದ್ರೂ ಕೂಗಬಹುದು, ಖುಷಿ ತಾನೆ, ಯಾರ ಬಾಯಲ್ಲಿ ಬಂದ್ರೇನು? 'ಕಮ್ಮಿ' ಅನ್ನೋದನ್ನ ಹಂಗೆ ಅನ್ನೋ ಹಾಗಿಲ್ಲ. ಯಾರಿಗೆ ಕಮ್ಮಿ ಆಯ್ತೋ ಅವರೇ ಹೇಳಬೇಕು. ಹೆತ್ತೋರು, ಒಡಹುಟ್ಟಿದೋರು, ಹೊಟ್ಟೇಲಿ ಹುಟ್ಟಿದೋರು… ತಮ್ಮ ಬಾಯಿಂದಲೇ, ಗಟ್ಟಿಯಾಗಿ. ಯಾಕೆ ಅಂತೀಯಾ? ಬದುಕಿರೋರಿಗೆ ತಿಳೀಲಿ ಅಂತ ಅಲ್ಲ ಮಗಾ, ಹೋದೋರಿಗೆ ತಿಳಿಯಬೇಕಲ್ಲ! ನಿನ್ನ ಲೆಕ್ಕದಿಂದ ಬಿಟ್ಟಿದೀವಿ, ಇನ್ನು ನೀನು ಎದ್ದು ಉತ್ತರ ಕೊಡೋದು ಬೇಡ, ಮಲಕ್ಕೋ… ಅಂತ.

ಈ ದಡದಲ್ಲಿ ಎಲ್ಲಕ್ಕಿಂತ ಕೆಳಗೆ, ನಮ್ಮ ಮನೆಯಿಂದ ಕೆಳಗಿನದೇ, ಒಬ್ಬಳು ಕಂಬಳಿ ನೇಯೋಳು ಇದ್ಲು. ಒಬ್ಬಳೇ ಮಗಳು. ಗಂಡ ಅನ್ನೋನು ಮಗಳಿಗೆ ಹಲ್ಲು ಬರೋ ಮೊದಲೇ ಹೋಗಿದ್ದ. ಮಗಳು ದೊಡ್ಡೋಳಾದ್ಲು, ಎಲ್ಲೆಲ್ಲಿಂದಲೋ ಕೇಳ್ಕೊಂಡು ಬಂದ್ರು. ಹೊಲ ಇರೋರು, ಅಂಗಡಿ ಇರೋರು. ಇವಳು ಏನಂದ್ಲು ಗೊತ್ತಾ? "ಕೂಗಿದ್ರೆ ಕೇಳೋಷ್ಟು ದೂರಕ್ಕೆ ಕೊಡ್ತೀನಿ. ಅದಕ್ಕಿಂತ ಆಚೆಗೆ ರಾಜನೇ ಬಂದ್ರೂ ಕೊಡಲ್ಲ." ಕೊನೆಗೆ ಎದುರಿಗೇ, ನೆರಳುಕಡೆಯ ಮೊದಲನೇ ಮನೆ, ಕಲ್ಲುಗೋಡೆ ಕಟ್ಟೋ ಹುಡುಗನಿಗೆ ಕೊಟ್ಲು. ಹಂಗಾಗಿ ಆವತ್ತಿಂದ ಊರಿನ ಕೂಗು ಕಮರಿ ಹಾರೋದು ಅಂದ್ರೆ ತಾಯಿಯಿಂದ ಮಗಳಿಗೆ ಹಾರೋದು ಅಂತಾಯ್ತು.

ಅಯ್ಯೋ, ಆ ಸಂಜೆಗಳು! "ಇದ್ದೀಯೇನೇ…" "ಇದ್ದೀನಮ್ಮಾ…" ಅಷ್ಟಕ್ಕೇ ನಿಲ್ತಿತ್ತಾ? ಏನು ಬೇಯಿಸಿದೆ, ಉಪ್ಪು ಸರಿಯಾಯ್ತಾ, ನಿನ್ನ ಗಂಡನ ಕೆಮ್ಮು ಹೆಂಗಿದೆ, ಅವನಿಗೆ ಹೇಳು ಒದ್ದೆ ಟೋಪಿ ಹಾಕ್ಕೊಂಡು ಮಲಗೋದು ಬೇಡ ಅಂತ… ಆ ಹುಡುಗ ಪಾಪ ಮನೆಯೊಳಗೆ ನಾಚ್ಕೊಂಡು ಮುದುರಿ ಹೋಗೋನು. ನೆರಳುಕಡೆ ಮೇಲಿನ ಮನೆಯೋರು, "ಏ ತಾಯಿ-ಮಗಳೇ, ಮುಗಿಸ್ರೇ! ನಮ್ಮನ್ನೂ ಕೂಗ್ರೇ, ಹಸಿವಾಗ್ತಿದೆ!" ಅಂತ ಬೊಬ್ಬೆ ಹಾಕೋರು. ಊರೆಲ್ಲ ನಗೋದು. ನಾನಾಗ ಹೊಸ ಸೊಸೆ. ಅತ್ತೆಗೆ ಹೆದರಿ ಸೆರಗು ಬಾಯಿಗೆ ಒತ್ಕೊಂಡು ನಗ್ತಿದ್ದೆ.

ಆಮೇಲೆ ಒಂದು ಮಳೆ ಬಂತು. ಇವತ್ತಿಂದು ಏನೂ ಅಲ್ಲ, ಇದು ಅದರ ಮೊಮ್ಮಗು. ದಿನಗಟ್ಟಲೆ ಸುರೀತು, ನಿಲ್ಲಲೇ ಇಲ್ಲ. ಬಿಡಿಸಿದ ಉಣ್ಣೆ ತುಂಬಿಟ್ಟ ಹಾಗೆ ಕಮರಿ ತುಂಬ ಮಂಜು. ಚಾಚಿದ ಕೈ ಕಾಣ್ತಿರಲಿಲ್ಲ, ಎದುರು ದಡ ಎಲ್ಲಿ ಕಾಣುತ್ತೆ? ಮಗಳ ಗಂಡ ಬೆಟ್ಟದಾಚೆ ಯಾರದೋ ಗೋಡೆ ಕಟ್ಟೋಕೆ ಹೋದೋನು ಅಲ್ಲೇ ಸಿಕ್ಕಿಹಾಕ್ಕೊಂಡಿದ್ದ. ಮನೇಲಿ ಅವಳೊಬ್ಬಳೇ. ಒಂದು ಮಧ್ಯಾಹ್ನ ದೊಡ್ಡ ಸದ್ದಾಯ್ತು. ಗುಡುಗು ಅಂದ್ಕೊಂಡ್ವಿ. ಆ ಮಳೇಲಿ ಯಾವುದು ಗುಡುಗು ಯಾವುದಲ್ಲ ಅಂತ ಯಾರು ನೋಡೋರು, ಹೇಳು?

ಸಂಜೆ ಆಯ್ತು. ಕೂಗು ಮೇಲಿಂದ ಇಳ್ಕೊಂಡು ಬಂತು. ನಮ್ಮತ್ತೆ ಕೆಳಗೆ ಕೂಗಿದ್ರು, ಕಂಬಳಿಯೋಳು "ಇದ್ದೀನಿ" ಅಂದ್ಲು. ಅಂದು, ಎದುರಿಗೆ ತಿರುಗಿ ಕೂಗಿದ್ಲು… "ಇದ್ದೀಯೇನೇ…"

ಉತ್ತರ ಇಲ್ಲ.

ನಮ್ಮ ಮಾವ ಆಗ್ಲೇ ಗೂಟದ ಮೇಲಿನ ಲಾಟೀನಿಗೆ ಕೈ ಹಾಕಿದ್ರು. ಅವಳು ಇನ್ನೊಂದು ಸಲ ಕೂಗಿದ್ಲು. ಆಗ ಬಂತು… ನಿಧಾನಕ್ಕೆ, ಬಾವಿ ತಳದಿಂದ ಬಂದ ಹಾಗೆ… "ಇದ್ದೀನಮ್ಮಾ…"

"ಯಾಕೇ, ದನಿ ಹಂಗಿದೆ?"

"ಏನಿಲ್ಲಮ್ಮಾ… ಮಳೆ ಜಾಸ್ತಿ. ನೀನು ಬಾಗಿಲು ಹಾಕ್ಕೋ. ಇಳೀಬೇಡ."

ಮಾವ ಲಾಟೀನು ಬಿಟ್ರು. ಅವಳು ಬಾಗಿಲು ಹಾಕಿದ್ಲು. ನಾವೂ ಹಾಕಿದ್ವಿ. ನೆರಳುಕಡೆಯ ಮೇಲಿನ ಮನೆಯೋರನ್ನ ಎಂದಿನ ಹಾಗೆ ಕೆಳಗಿಂದ ಮಗಳ ದನಿಯೇ ಕೂಗ್ತು, ಅವರೂ ಉತ್ತರ ಕೊಟ್ಟು ಒಳಗೆ ಹೋದ್ರು. ಯಾರಿಗೆ ಅನುಮಾನ ಬರುತ್ತೆ? ಉತ್ತರ ಬಂತಲ್ಲ! ಉತ್ತರ ಬಂದ ಮನೆಗೆ ಯಾರೂ ಹೋಗಲ್ಲ… ಅದು ಮಾತು. ಬೇರೆ ಯಾವ ಊರಲ್ಲಾದ್ರೂ ಯಾರಾದ್ರೂ ಒಬ್ರು ಹೋಗಿ ನೋಡ್ತಿದ್ರೇನೋ. ನಾವು ಹೋಗಲಿಲ್ಲ. ನಮ್ಮ ಕಿವಿಯ ಮೇಲೆ ನಮಗೆ ಅಷ್ಟು ನಂಬಿಕೆ.

ಬೆಳಿಗ್ಗೆ ಮಂಜು ಎತ್ತಿತು. ಕಂಬಳಿಯೋಳು ಮುಖ ತೊಳೆಯೋಕೆ ಹೊರಗೆ ಬಂದೋಳು ಚೊಂಬು ಹಿಡ್ಕೊಂಡು ಹಂಗೇ ನಿಂತ್ಲು. ಎದುರು ಗುಡ್ಡ ಕೆಂಪಗೆ ಬಾಯಿ ತೆರ್ಕೊಂಡಿತ್ತು. ಮನೆ ಇರಲಿಲ್ಲ. ಮನೆ ಇದ್ದ ಗುರುತೂ ಇರಲಿಲ್ಲ.

ಅಗೆದ್ರು. ಎರಡೂ ದಡದೋರು ಸೇರಿ ಅಗೆದ್ರು. ಸಿಕ್ಕಿದ್ಲು. ಪಕ್ಕದಲ್ಲಿ ಮಧ್ಯಾಹ್ನಕ್ಕೆ ಅಂತ ನಾದಿಟ್ಟ ಹಿಟ್ಟು ತಟ್ಟೆಯಲ್ಲಿ ಹಂಗೇ ಇತ್ತು. ಅದನ್ನ ನೋಡಿ, ಮಧ್ಯಾಹ್ನವೇ ಹೋಗಿದಾಳೆ ಅಂದ್ರು ಕೆಲವರು. ಆದ್ರೆ ಅವಳ ಬೆರಳು… ಹತ್ತೂ ಬೆರಳಿನ ಉಗುರೊಳಗೆ ಮಣ್ಣು ಮೆತ್ತಿತ್ತು ಮಗಾ. ಅದನ್ನ ನೋಡಿದೋರು, ಇಲ್ಲ, ಸಂಜೆ ತನಕ ಇದ್ಲು, ಮಣ್ಣೊಳಗಿಂದಲೇ ಉತ್ತರ ಕೊಟ್ಟಿದಾಳೆ ಅಂದ್ರು. ಎರಡರಲ್ಲಿ ಯಾವುದು ಆಗಿರಲಿ ಅಂತ ಬೇಡ್ಕೊಳ್ಳೋದು, ನೀನೇ ಹೇಳು? ಸತ್ತೋಳು ಉತ್ತರ ಕೊಟ್ಟಿದ್ರೆ ಅದಕ್ಕೆ ದೆವ್ವ ಅಂತೀವಿ, ಹೆದರ್ಕೋತೀವಿ. ಬದುಕಿದ್ದೋಳು ಉತ್ತರ ಕೊಟ್ಟಿದ್ರೆ? ಸುಮ್ಮನಿದ್ದಿದ್ರೆ ಸಾಕಿತ್ತು… ಲಾಟೀನು ಹಿಡ್ಕೊಂಡು ಬರ್ತಿದ್ರು. ಆದ್ರೆ ಮೊದಲು ಯಾರು ಇಳೀತಿದ್ರು? ಅವಳಮ್ಮ. ಆ ಕತ್ತಲಲ್ಲಿ, ಆ ನೀರಲ್ಲಿ, ಜಾರ್ತಿರೋ ಗುಡ್ಡದ ಬುಡಕ್ಕೆ. ಅದು ಮಗಳಿಗೆ ಗೊತ್ತಿರಲಿಲ್ವಾ? ಅದಕ್ಕೇ 'ಇಳೀಬೇಡ' ಅಂದ್ಲಾ? ಅದಕ್ಕೆ ಏನಂತಾರೆ ಮಗಾ? ನಿನ್ನ ಪುಸ್ತಕದಲ್ಲಿ ಅದಕ್ಕೊಂದು ಪದ ಇದೆಯಾ?

ಮಣ್ಣು ಮಾಡಿದ ಸಂಜೆ ಎಲ್ಲಾರೂ ಹೊಸ್ತಿಲ ಮೇಲೆ ನಿಂತು ಕಾದ್ವಿ. ಆ ಮಾತನ್ನ ಅವಳಮ್ಮ ಹೇಳಬೇಕು. 'ಒಬ್ರು ಕಮ್ಮಿ.' ಎರಡೇ ಪದ. ಬಂದ್ಲು. ತಲೆ ಮೇಲೆ ಸೆರಗಿಲ್ಲ, ಕಾಲಲ್ಲಿ ಇನ್ನೂ ಕೆಂಪು ಮಣ್ಣು. ನಿಂತ್ಲು, ಬಾಯಿ ತೆರೆದ್ಲು… "ಇದ್ದೀಯೇನೇ…" ಅಂತ ಕೂಗಿಬಿಟ್ಲು.

ಊರಿಗೆ ಊರೇ ಉಸಿರು ಬಿಗಿಹಿಡೀತು. ಆ ಕೆಂಪು ಗಾಯದೊಳಗಿಂದ ಬಂತು… "ಇದ್ದೀನಮ್ಮಾ…"

ಮಾರ್ದನಿ, ಅಂದ್ರು ಆಗಿನ ಮೇಷ್ಟ್ರು. ಮಾರ್ದನಿ ಕೂಗಿದ್ದನ್ನೇ ಕೂಗುತ್ತೆ, ಕೇಳಿದ್ದಕ್ಕೆ ಉತ್ತರ ಹೇಳುತ್ತಾ? ಮಾರನೇ ದಿನ ಅದು "ಉಂಡ್ಯಾ?" ಅಂದಿದ್ದಕ್ಕೆ "ಉಂಡೆ" ಅಂತು. ಮೇಷ್ಟ್ರು ಬೇಸಿಗೆಗೆ ಮುಂಚೆ ವರ್ಗ ಮಾಡಿಸ್ಕೊಂಡ್ರು.

ಕಂಬಳಿಯೋಳು ಮಾತ್ರ… ಹೇಳಿದ್ರೆ ನಂಬಲ್ಲ ನೀನು, ಅವಳು ಅರಳಿಕೊಂಡ್ಲು. ತಲೆ ಬಾಚಿ, ಒಲೆ ಹಚ್ಚಿ, ಮಗ್ಗದ ಮುಂದೆ ಕೂತು ಗುನುಗೋಳು. ಹಗಲೆಲ್ಲ ಸಂಜೆಗೆ ಕಾಯೋಳು. ಪಾಪ, ಇರಲಿ ಬಿಡಿ, ಅಂದ್ಕೊಂಡ್ವಿ. ಯಾರಿಗೆ ತಾನೆ ಮನಸ್ಸು ಬರುತ್ತೆ ಬೇಡ ಅನ್ನೋಕೆ? ಒಂದು ಸಂಜೆ ಆ ಕಡೆಯಿಂದ "ಚಳಿ ಅಮ್ಮಾ" ಅಂತು. ಇವಳು ನೇಯ್ದಿಟ್ಟ ಕಂಬಳಿ ಒಂದೊಂದಾಗಿ ತಂದು ಕಮರಿಗೆ ಹಾಕಿದ್ಲು. ಇನ್ನೊಂದು ಸಂಜೆ "ಕತ್ತಲೆ ಅಮ್ಮಾ" ಅಂತು. ಅಂಗಳದಲ್ಲಿ ಬೆಂಕಿ ಹಾಕಿ ಬೆಳಗಾಗೋ ತನಕ ಕಾದ್ಲು. ಆಮೇಲೆ, ಅದೇ ವರ್ಷದ ಕೊನೆಗೋ ಏನೋ, ಶುರುವಾಯ್ತು ನೋಡು, ನನಗೆ ಇವತ್ತಿಗೂ ಕರುಳು ಹಿಂಡೋ ಮಾತು. ಪೂರ್ತಿ ದಣಿದ ದನಿ ಅದು… ಇಡೀ ದಿನ ಕೆಲಸ ಮಾಡಿ, ನಿಂತಲ್ಲೇ ತೂಕಡಿಸೋ ಮಕ್ಕಳ ದನಿ ಇರುತ್ತಲ್ಲ, ಹಂಗೆ…

"ಅಮ್ಮಾ… ನಾನು ಮಲಗಲಾ?"

ಅವಳಮ್ಮ, "ಇನ್ನೊಂಚೂರು ಮಾತಾಡೇ," ಅಂದ್ಲು.

ಮಾರನೇ ದಿನವೂ ಅದೇ. "ಅಮ್ಮಾ, ಮಲಗಲಾ?" "ಇನ್ನೊಂಚೂರು." ದಿನಾ ಕೇಳೋದು, ದಿನಾ ಇವಳು ತಡೆಯೋದು. ಅರ್ಥ ಆಯ್ತಾ ಮಗಾ? ಲೆಕ್ಕದಲ್ಲಿ ಇರೋ ತನಕ ಎದ್ದು ಉತ್ತರ ಕೊಡಲೇಬೇಕು ಅದು. ಆ ಮಣ್ಣಿಂದ ದಿನಾ ಎದ್ದು, ಇಲ್ಲದ ಹೊಸ್ತಿಲ ಮೇಲೆ ನಿಂತು…

ನಾನು ಒಂದು ದಿನ ತಡೀಲಾರದೆ ಇಳಿದು ಹೋದೆ. ಅವಳ ಎರಡೂ ಕೈ ಹಿಡ್ಕೊಂಡು, "ಅಕ್ಕಾ, ಹೇಳಿಬಿಡು. ಮಗಳು ಸೋತುಹೋಗಿದಾಳೆ, ಬಿಟ್ಟುಬಿಡು," ಅಂದೆ. ಅವಳು ಕೈ ಬಿಡಿಸ್ಕೊಳ್ಳಲಿಲ್ಲ, ಸಿಟ್ಟೂ ಮಾಡ್ಕೊಳ್ಳಲಿಲ್ಲ. "ನಂಗೊತ್ತಿಲ್ವೇನೇ?" ಅಂದ್ಲು. "ಹೇಳ್ತೀನಿ. ನಾಳೆ ಹೇಳ್ತೀನಿ. ಇವತ್ತೊಂದು ದಿನ ಇರಲಿ. ಹೇಳಿದ ಮೇಲೆ, ಸಂಜೆ ಆದ್ರೆ ನಾನು ಯಾರನ್ನ ಕೂಗಲಿ ಹೇಳು?"

ಆ ನಾಳೆ ಬರಲೇ ಇಲ್ಲ. ಒಂದು ಮಧ್ಯಾಹ್ನ ಮಗ್ಗದ ಮೇಲೆ ಒರಗಿದೋಳು, ಕೈಯಲ್ಲಿ ಲಾಳಿ ಹಿಡ್ಕೊಂಡೇ ಹೋಗಿದ್ಲು. ಈಗ ಅವಳಿಗಾಗಿ 'ಕಮ್ಮಿ' ಅನ್ನೋರು ಯಾರು? ಮಗಳು ಅನ್ನಬೇಕು. ಮಗಳಿಗಾಗಿ ಅನ್ನೋರು ಯಾರು? ಅವಳು ಅನ್ನಬೇಕಿತ್ತು; ಕಟ್ಕೊಂಡ ಗಂಡ ಅಂದ್ರೆ ನಡೆಯಲ್ಲ, ರಕ್ತದೋರೇ ಅನ್ನಬೇಕು. ಆವತ್ತು ಸಂಜೆ ಕೂಗು ಇಳ್ಕೊಂಡು ನಮ್ಮ ಮನೆಗೆ ಬಂತು. ಕೆಳಗೆ ಇನ್ನು ಯಾರೂ ಇಲ್ಲ ಅಂತ ನಮ್ಮತ್ತೆ ಸುಮ್ಮನಿದ್ರು, ಕೂಗಲೇ ಇಲ್ಲ. ಆದ್ರೂ ಕೆಳಗಿಂದ ಬಂತು… "ಇದ್ದೀಯೇನೇ…" ಆಚೆಯಿಂದ… "ಇದ್ದೀನಮ್ಮಾ… ಮಲಗಲಾ…"

ಅಲ್ಲಿಗೆ ಊರು ಕೂಗೋದು ನಿಲ್ಲಿಸ್ತು. ನೆರಳುಕಡೆಯ ಮಕ್ಕಳು ಆಡ್ತಾ ಆಡ್ತಾ ಆ ಮಗಳ ದನಿಗೆ ಉತ್ತರ ಕೊಡೋಕೆ ಶುರು ಮಾಡಿದ್ವು ನೋಡು, ಆವಾಗ ತಾಯಂದಿರು ಗಂಟುಮೂಟೆ ಕಟ್ಟಿದ್ರು. ಒಂದೊಂದೇ ಮನೆ ಬಾಗಿಲು ಹಾಕ್ಕೊಂಡು ಕೆಳಗಿಳೀತು. ಹೊಟ್ಟೆಪಾಡಿಗೆ ಹೋದ್ರು ಅಂತ ನೀನು ಬರ್ಕೋ, ಪರವಾಗಿಲ್ಲ. ಹಂಗೇ ಬರೆಯೋದು ಎಲ್ಲಾರೂ.

*

ಅಜ್ಜಿ ನಿಲ್ಲಿಸಿದಳು. ಕುರಿಗಾಹಿ ಮೊಣಕಾಲ ನಡುವೆ ತಲೆ ತಗ್ಗಿಸಿ ಕೂತಿದ್ದ. ಹುಡುಗಿಯ ಅಂಗೈಯಲ್ಲಿ ಆಲೂಗಡ್ಡೆ ಆರಿ ತಣ್ಣಗಾಗಿತ್ತು.

"ಅಜ್ಜಿ," ಎಂದಳು ಮೆಲ್ಲಗೆ. "ಅವರಿಬ್ಬರ ದನಿ… ಈಗಲೂ ಇದೆಯಾ?"

"ಅವರಿಬ್ಬರದು ಅಷ್ಟೇ ಆಗಿದ್ರೆ ಸೊನ್ನೆ ಬರ್ಕೊ ಅಂತಿದ್ದೆ ಮಗಾ. ಇಬ್ಬರಿಗೋಸ್ಕರ ಸರ್ಕಾರದ ಲೆಕ್ಕ ಯಾಕೆ ಕೆಡಿಸೋದು?" ಅಜ್ಜಿ ನಗಲು ನೋಡಿದಳು, ಆಗಲಿಲ್ಲ. "ಒಂದು ಸಲ ಉಪ್ಪಿನ ವ್ಯಾಪಾರಿ ಒಬ್ಬ ಹಿಂಗೇ ಮಳೆಗೆ ಸಿಕ್ಕಿ ಇಲ್ಲೇ ಕೂತಿದ್ದ, ನೀನು ಕೂತಿರೋ ಜಾಗದಲ್ಲೇ. ಇದೇ ಹೊತ್ತು. ಎದುರಿಂದ ಒಂದು ಹಸುಗೂಸು ಅಳೋದು ಕೇಳ್ತು. ಅಲ್ಲೀವರೆಗೆ ಆ ಕಡೆ ಕೂಸಿನ ಅಳು ಕೇಳಿರಲಿಲ್ಲ ನಾವು. ವ್ಯಾಪಾರಿ ಮುಖ ಸುಣ್ಣ ಆಯ್ತು. ಬೆಳಿಗ್ಗೆ ಮೂಟೆ ಬಿಟ್ಟು ಹೋದೋನು ತಿರುಗಿ ಬರಲಿಲ್ಲ. ಕೂಸು ಮಾತ್ರ ಅಲ್ಲೇ ಉಳೀತು. ಆಮೇಲೆ ಸೇತುವೆ ಕಟ್ಟೋಕೆ ಬಂದೋರು ಬಂದ್ರು, ಒಬ್ಬ ಗಂಡಸು ಕೆಮ್ಮೋದು ಸೇರಿತು. ಇವರ್ಯಾರೂ ನಮ್ಮೂರೋರಲ್ಲ. ಎಲ್ಲೆಲ್ಲಿಯೋರೋ… ತಮ್ಮೋರು 'ಇಲ್ಲ' ಅಂತ ಬಾಯಿಬಿಟ್ಟು ಹೇಳದೆ ಲೆಕ್ಕದಲ್ಲೇ ಇಟ್ಕೊಂಡಿರೋ ಸತ್ತೋರು. ಅಂಥೋರಿಗೂ ನಿಂತ್ಕೊಳ್ಳೋಕೆ ಒಂದು ಹೊಸ್ತಿಲು ಬೇಕಲ್ಲ? ಇಟ್ಕೊಂಡೋರ ಹಿಂದೆ ಹಿಂದೆ ಬರ್ತವೆ, ಆ ದಡದಲ್ಲಿ ಉಳಿದುಬಿಡ್ತವೆ. ಈ ದಡದಲ್ಲಿ ನಾವು ಕಮ್ಮಿ ಆಗ್ತಾ ಇದೀವಿ. ಆ ದಡದಲ್ಲಿ ಹೆಚ್ಚಾಗ್ತಾ ಇದಾರೆ."

ಸೊಸೆ ಎದ್ದು ಬಂದು ಹುಡುಗಿಯ ಹೆಗಲಿಗೆ ಕಂಬಳಿ ಹೊದಿಸಿದಳು.

"ಇರೋ ದನಿಯೆಲ್ಲ ನಂಗೆ ಗುರುತಿದೆ," ಎಂದಳು ಅಜ್ಜಿ, ಹುಡುಗಿಯನ್ನು ನೋಡದೆ, ಒಲೆಯನ್ನು ನೋಡುತ್ತಾ. "ಬಾಗಿಲು ತೆಗೆದಿಡೋದು ಅದಕ್ಕೇ. ಯಾರಾದ್ರೂ ಕಮ್ಮಿ ಆಗಿದಾರಾ ಅಂತ ದಿನಾ ಆಲಿಸ್ತೀನಿ. ನಿನ್ನೆ ಸಂಜೆ ನೀನು ಬಂದು, ಸುಸ್ತಾಗಿ, ಉಣ್ಣದೇ ಮಲಗಿಬಿಟ್ಟೆಯಲ್ಲ… ಆಮೇಲೆ ಎದುರಿಂದ ಒಂದು ಹೊಸ ದನಿ ಬಂತು. ಹೆಂಗಸಿನದು. ಯಾರದು ಅಂತ ನಾನು ಕೇಳಲ್ಲ ಮಗಾ. ಕೇಳೋಕೆ ನಾನ್ಯಾರು?"

ಮಳೆ ತಗ್ಗಿತ್ತು. ಚಪ್ಪಡಿಯ ಅಂಚಿನಿಂದ ತೊಟ್ಟಿಕ್ಕುವ ಹನಿಗಳ ನಡುವೆ ಒಂದು ದೊಡ್ಡ ಮೌನ, ಕಮರಿಯಷ್ಟೇ ಆಳದ್ದು, ಬಾಗಿಲಲ್ಲಿ ಬಂದು ನಿಂತಿತು. ಕೆಳಗಿನ ಮುರುಕು ಮನೆಯ ಕಡೆಯಿಂದ ಯಾರೋ ಕರೆದ ಹಾಗಾಯಿತು. ಆಚೆಯಿಂದ ಯಾರೋ ಓಗೊಟ್ಟ ಹಾಗಾಯಿತು. ಗಾಳಿಯೂ ಇರಬಹುದು, ಹೊಳೆಯೂ ಇರಬಹುದು ಎಂದು ಹುಡುಗಿ ಅಂದುಕೊಳ್ಳುತ್ತಿದ್ದಳು.

ಆಗ ಇನ್ನೊಂದು ದನಿ ಬಂತು.

ಅದು ಪೂರ್ತಿ ತೆರೆದ ಬಾಯಿಯ ದನಿಯಲ್ಲ. ತುಟಿಗಳ ನಡುವೆ ಗುಂಡುಸೂಜಿಗಳನ್ನು ಕಚ್ಚಿಕೊಂಡು, ಬಾಯಿಯ ಒಂದು ಮೂಲೆಯಿಂದಷ್ಟೇ ಮಾತನ್ನು ಹೊರಗೆ ಬಿಡುವವರ ದನಿ. ಅಂಗಿಗೆ ಮಡಿಕೆ ಹಾಕುತ್ತಾ, ಕೆಲಸ ನಿಲ್ಲಿಸದೆ, ಒಳಕೋಣೆಯಿಂದ ಮಾತಾಡುವವರ ದನಿ. ಲೋಕದಲ್ಲಿ ಒಬ್ಬಳೇ ಹಾಗೆ ಮಾತಾಡುತ್ತಿದ್ದದ್ದು.

"ಮಲಗಲೇನೇ…?"

ಎಷ್ಟು ದಣಿದಿತ್ತು ಅದು! ಒಂದು ಚಳಿಗಾಲ ಪೂರ್ತಿ, ದಿನಾ ಸಂಜೆ ತಾನು ಬೀಗ ತೆಗೆದು "ಬಂದೆ ಅಮ್ಮಾ" ಎಂದಾಗಲೆಲ್ಲ ಎದ್ದು ನಿಂತ ದಣಿವು. ಬಸ್ಸಿನಲ್ಲಿ, ಕಚೇರಿಯಲ್ಲಿ, ಈ ಒಲೆಯ ಮುಂದೆ, "ಇದ್ದಾರೆ" ಎಂದಾಗಲೆಲ್ಲ ಎದ್ದು ನಿಂತ ದಣಿವು.

ಹುಡುಗಿ ಎದ್ದಳು. ಯಾರೂ ಅವಳ ಕೈ ಹಿಡಿಯಲಿಲ್ಲ. ಹೊಸ್ತಿಲ ಮೇಲೆ ಬರಿಗಾಲಲ್ಲಿ ನಿಂತು, ಏನೂ ಕಾಣದ ಆ ಮಂಜಿಗೆ ಎದುರಾಗಿ, ಇನ್ನೊಂಚೂರು ಎನ್ನಲು ತುದಿನಾಲಿಗೆಗೆ ಬಂದ ಮಾತನ್ನು ನುಂಗಿ, ಹುಟ್ಟಿದಾಗಿನಿಂದ ಯಾರ ಮುಂದೆಯೂ ಎತ್ತದಷ್ಟು ಗಟ್ಟಿಯಾಗಿ ದನಿ ಎತ್ತಿದಳು.

"ಅಮ್ಮಾ… ಮನೇಲಿ ನಾನೊಬ್ಬಳೇ ಇರೋದು."